ಟೋ ಟ್ರಕ್ ಬಂದಿರಲಿಲ್ಲ

ಐಸೆಲಿನ್, ನ್ಯೂಜೆರ್ಸಿ
೧೪ ಸೆಪ್ಟೆಂಬರ್ ೨೦೨೫, ಭಾನುವಾರ
(ಏಳು ದಿನದಲ್ಲಿ ನಿನ್ನ ಹೆಸರಿರುವುದು ಇದೊಂದಕ್ಕೇ)

ಪ್ರೀತಿಯ ಭಾನು,

ಮೊದಲು ಕೂತುಕೋ. ವಾಕರನ್ನು ಪಕ್ಕಕ್ಕಿಟ್ಟು, ಕುರ್ಚಿಯ ಕೈ ಹಿಡಿದು, ಸರಿಯಾಗಿ ಕೂತ ಮೇಲೆ ಓದು. ನಿನ್ನೆ ಬೆಳಿಗ್ಗೆ ನಮ್ಮ ಅಡುಗೆಮನೆಗೆ ಬೆಂಕಿ ಬಿತ್ತು. ಒಗ್ಗರಣೆ ಸೌಟನ್ನು ಒಲೆಯ ಮೇಲೆ ಬಿಟ್ಟು ಟಪಾಲು ನೋಡಲು ಕೆಳಗೆ ಹೋಗಿದ್ದೆ. ತಿರುಗಿ ಬರುವಷ್ಟರಲ್ಲಿ ಕಿಟಕಿಯ ಪರದೆ ಹತ್ತಿಕೊಂಡಿತ್ತು. ಫೈರ್ ಟ್ರಕ್ ಬಂತು. ಇಡೀ ಬಿಲ್ಡಿಂಗು ಪಾರ್ಕಿಂಗ್ ಲಾಟಿನಲ್ಲಿ ನಿಂತಿತ್ತು. ಕೆಳಮನೆ ಶೈಲಮ್ಮ ಅರ್ಧ ತಲೆಗೆ ಡೈ ಹಚ್ಚಿಕೊಂಡಿದ್ದವರು ಹಾಗೇ ಓಡಿಬಂದು, ಒಂದು ಕಡೆ ನಲವತ್ತು, ಇನ್ನೊಂದು ಕಡೆ ಎಪ್ಪತ್ತು ವಯಸ್ಸಿನವರಾಗಿ ಕಾಣುತ್ತಿದ್ದರು.

ಸುಳ್ಳು. ಬೆಂಕಿ ಬಿದ್ದಿಲ್ಲ. ಪರದೆ ಇದ್ದ ಹಾಗೇ ಇದೆ, ನೀನು ಒಗೆಯಲು ಹೇಳಿದ್ದ ಜಿಡ್ಡಿನ ಸಮೇತ. ಶೈಲಮ್ಮನ ಡೈ ಮಾತ್ರ ನಿಜ, ಅದು ಬೇರೆ ದಿನದ್ದು.

ಈಗ ನಿನ್ನ ಮುಖ ಹೇಗಾಗಿದೆ ಅಂತ ನನಗೆ ಗೊತ್ತು. "ನಿಮ್ಮ ಬಾಯಿಗಿಷ್ಟು ಕೀಲಿ ಹಾಕ್ಕೊಳ್ರೀ" ಅನ್ನುತ್ತಿದ್ದೀಯ. ಹಾಕಬೇಕು ಅಂತಲೇ ಕೂತೆ, ಭಾನು. ಪೆನ್ನು ಹಿಡಿದ ತಕ್ಷಣ ಕೈ ಮೊದಲು ಇದನ್ನು ಬರೆಯಿತು. ಹರಿದು ಹಾಕಿ ಬೇರೆ ಕಾಗದ ತೆಗೆದುಕೊಳ್ಳಬಹುದಿತ್ತು. ತೆಗೆದುಕೊಳ್ಳಲಿಲ್ಲ. ನಾನು ಎಂಥವನು ಅನ್ನುವುದು ಈ ಕಾಗದದಲ್ಲಿ ಇರಲಿ ಅನ್ನಿಸಿತು. ಒಮ್ಮೆ ನನ್ನ ಇಂಥದೇ ಒಂದು ಕೂಗಿಗೆ ನೀನು ಓಡಿ ಬಂದೆ. ಇವತ್ತು ಬರೆಯಬೇಕಾಗಿರುವುದು ಅದರ ವಿಷಯ.

ಫೋನಿನಲ್ಲಿ ಹೇಳಬಹುದಿತ್ತು. ಆದರೆ ತಾರಿಣಿ ಫೋನನ್ನು ಸ್ಪೀಕರ್‌ಗೆ ಹಾಕಿ ನಿನ್ನ ತೊಡೆಯ ಮೇಲಿಟ್ಟು ಹೋಗುತ್ತಾಳೆ. ನೀನು "ಹೂಂ", "ಆರಾಮ", "ಊಟಾ ಆತು" ಎಂಬ ಮೂರು ಮಾತಿನಲ್ಲಿ ಮುಗಿಸುತ್ತೀಯ. ಧಾರವಾಡದವಳು ಮೂರು ಮಾತಿಗೆ ನಿಲ್ಲಿಸಿದರೆ ಮೈಸೂರಿನವನು ಏನಂತ ತಿಳಿಯಬೇಕು? ಮಗಳ ಮನೆಯಲ್ಲಿ ಮೆಟ್ಟಿಲಿಲ್ಲ, ನಮ್ಮಲ್ಲಿ ಇದೆ, ಅದಕ್ಕೇ ನೀನು ಪಿಸ್ಕಾಟವೇಯಲ್ಲಿದ್ದೀಯ ಎಂದು ಕೇಳಿದವರಿಗೆಲ್ಲ ಹೇಳುತ್ತಿದ್ದೇನೆ. ಕಾರಣ ಮೆಟ್ಟಿಲಲ್ಲ. ನಿನಗೂ ಗೊತ್ತು, ನನಗೂ ಗೊತ್ತು. ಹಾಗಾಗಿ ಈ ಕಾಗದವನ್ನು ನನ್ನ ಗೆಳೆಯ ಶ್ಯಾಮ್ ಕೈಯಲ್ಲಿ ಕಳಿಸುತ್ತಿದ್ದೇನೆ. ನಾಳೆ ಬೆಳಿಗ್ಗೆ ತಾರಿಣಿ ಆಫೀಸಿಗೆ ಹೋದ ಮೇಲೆ ಬಂದು ನಿನ್ನ ಕೈಗೇ ಕೊಡಬೇಕು ಅಂದಿದ್ದೇನೆ. "ಏನೋ ಮುದುಕ, ಈ ವಯಸ್ಸಲ್ಲಿ ಹೆಂಡತಿಗೆ ಲವ್ ಲೆಟರಾ?" ಅಂದ. ಹೌದು ಅಂದೆ. ಅವನು ನಂಬಲಿಲ್ಲ. ನಾನು ನಿಜ ಹೇಳಿದಾಗಲೇ ಜನ ಹೆಚ್ಚು ನಗುತ್ತಾರೆ.

ಗುರುವಾರ ನಿನ್ನ ಡಿಪೊಸಿಷನ್. ಸರ್ಕಾರದ ಕಡೆಯ ವಕೀಲೆ ಎದುರಿಗೆ ಕೂರುತ್ತಾಳೆ, ನೀನು ಕೈ ಎತ್ತಿ ಪ್ರಮಾಣ ಮಾಡುತ್ತೀಯ, ಅವಳು ಕೇಳಿದ್ದಕ್ಕೆ ಉತ್ತರ ಕೊಡುತ್ತೀಯ, ಪಕ್ಕದಲ್ಲೊಬ್ಬರು ಅದನ್ನೆಲ್ಲ ಟೈಪ್ ಮಾಡಿಕೊಳ್ಳುತ್ತಾರೆ. ಅದರ ಮುಂದಿನ ವಾರ ನನ್ನದು. ನಮ್ಮ ವಕೀಲ ವಿಶ್ರುತ್ ಇದನ್ನು ಇಬ್ಬರಿಗೂ ಬೇರೆ ಬೇರೆ ಕೂರಿಸಿ ಹೇಳಿದ್ದಾನೆ. ಕೀಲು ಮುರಿದವರಿಗೆ ವ-ಕೀಲು ಎಂದು ನಾನು ಮೊದಲ ದಿನ ಅಂದಾಗ ಆ ಹುಡುಗನಿಗೆ ಅರ್ಥವಾಗಲಿಲ್ಲ. ಇಲ್ಲೇ ಹುಟ್ಟಿದವನು, ಕನ್ನಡ ಕೇಳಿದರೆ ತಿಳಿಯುತ್ತದೆ, ಬಾಯಿಗೆ ಬರುವುದು ಇಂಗ್ಲಿಷು. ನೀನು ಮಾತ್ರ ನೋವಿನಲ್ಲೂ ನಕ್ಕುಬಿಟ್ಟೆ. ಸೊಂಟದ ಕೀಲು ಮುರಿದವಳು ನೀನು, ನಗಿಸಿದವನು ನಾನು. ಆಗ ಹೆಮ್ಮೆಯಾಗಿತ್ತು.

ಸುಮಾರು ಎರಡು ವರ್ಷದ ಹಿಂದಿನ ಆ ಶನಿವಾರವನ್ನು ಒಂದು ಸಲ ಪೂರ್ತಿ ಬರೆಯುತ್ತೇನೆ. ನಾವಿಬ್ಬರೂ ಅದನ್ನು ಇದುವರೆಗೆ ಬಾಯಿಬಿಟ್ಟು ಆಡಿಲ್ಲ.

ಓಕ್ ಟ್ರೀ ರೋಡಿನಲ್ಲಿ ದಸರೆಯ ನೂಕುನುಗ್ಗಲು. ಪಾರ್ಕಿಂಗ್ ಸಿಗದೆ, ನೀನು ಮೂರು ಸುತ್ತು ಹಾಕಿ, ಕೊನೆಗೆ ಸೀರೆ ಅಂಗಡಿಯ ಪಕ್ಕದಲ್ಲಿ, ನಿಲ್ಲಿಸಬಾರದು ಎಂದು ಬೋರ್ಡ್ ಇದ್ದಲ್ಲೇ ಕಾರು ನಿಲ್ಲಿಸಿದೆ. ಡ್ರೈವ್ ಮಾಡುವವಳು ನೀನು, ಕಾರು ನಿನ್ನದು. ಲೈಬ್ರರಿಯಲ್ಲಿ ಪುಸ್ತಕ ಜೋಡಿಸಿದ ಸಂಬಳದಲ್ಲಿ ತೆಗೆದುಕೊಂಡ ನೀಲಿ ಕರೋಲಾ. "ನೀವು ಇಲ್ಲೇ ನಿಂದರ್ರಿ, ಯಾರರ ಬಂದ್ರ ಈಗ ಬರ್ತಾಳ ಅಂತ ಹೇಳ್ರಿ" ಎಂದು ನನ್ನನ್ನು ಕಾವಲಿಗೆ ನಿಲ್ಲಿಸಿ, ರಸ್ತೆ ದಾಟಿ ಅಂಗಡಿಗೆ ಹೋದೆ. ನಾನು ಕಾದೆ. ಕಾಯುವುದು ನನಗೆ ಆಗದ ಕೆಲಸ. ಕಬ್ಬಿನಹಾಲಿನ ಯಂತ್ರದ ಸದ್ದು ಕೇಳುತ್ತ, ಬಂದುಹೋದವರ ಮುಖ ನೋಡುತ್ತ, ಯಾರಿಗೆ ಏನು ಆಟ ಕಟ್ಟಲಿ ಅಂತ ಬಾಯಿ ನವೆಯುತ್ತಿತ್ತು. ಅಷ್ಟರಲ್ಲಿ ನೀನು ಎರಡೂ ಕೈಯಲ್ಲಿ ಚೀಲ ಹಿಡಿದು ಆಚೆ ಬಂದೆ. ಸಿಗ್ನಲ್ಲಿನಲ್ಲಿ ದಾಟಬೇಡ ಅನ್ನುವ ಕೆಂಪು ಕೈ ಇತ್ತು. ನೀನು ನಿಂತೆ. ಯಾವತ್ತೂ ನಿಲ್ಲುವವಳು ನೀನು. ಖಾಲಿ ರಸ್ತೆಯಲ್ಲೂ ಕೆಂಪು ಕೈಗೆ ಗೌರವ ಕೊಡುವವಳು.

ನಾನು ಎರಡೂ ಕೈ ಮೇಲೆತ್ತಿ ಕೂಗಿದೆ, "ಭಾನೂ! ಟೋ ಟ್ರಕ್ ಬಂತು ಕಣೇ! ಕಾರ್ ಎತ್ಕೊಂಡು ಹೋಗ್ತಿದಾರೆ!"

ನಿನ್ನ ಮುಖದಲ್ಲಿ ಗಾಬರಿ ಮೂಡುವುದನ್ನು ನೋಡಿ ನಗಬೇಕೆಂದು ಕೂಗಿದೆ. ಅಷ್ಟೇ. ನೀನು ಅಲ್ಲೇ ನಿಂತು "ಅಯ್ಯಯ್ಯ ತಡೀರಿ ತಡೀರಿ" ಅಂತ ಚೀಲ ಬೀಸುತ್ತೀಯ, ಆಮೇಲೆ ನಾನು ನಗುವುದು ಕಂಡು ಬೈಯುತ್ತೀಯ, ಮನೆ ತನಕ ಅದೇ ಮಾತು, ಅಂತ ನನ್ನ ಲೆಕ್ಕ. ನೀನು ಓಡುತ್ತೀಯ ಅಂತ ನಾನು ಎಣಿಸಿರಲಿಲ್ಲ. ಮಂಡಿ ನೋವಿನವಳು, ಆ ವಯಸ್ಸಿನಲ್ಲಿ, ಸೀರೆ ನೆರಿಗೆಯನ್ನು ಒಂದು ಕೈಯಲ್ಲಿ ಎತ್ತಿಕೊಂಡು ನೀನು ಓಡಿದ್ದನ್ನು ನಾನು ಅದೇ ಮೊದಲು ನೋಡಿದ್ದು.

ಬಿಳಿ ವ್ಯಾನು ಬಂತು. ಬಾಗಿಲ ಮೇಲೆ ಸರ್ಕಾರದ ಮುದ್ರೆ, ಸರ್ಕಾರಿ ನಂಬರ್ ಪ್ಲೇಟು. ಡ್ರೈವರ್‌ಗೆ ಹಸಿರು ದೀಪವಿತ್ತು. ಆದರೆ ಭಾನು, ಇದೊಂದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಅವನ ತಲೆ ಬಗ್ಗಿತ್ತು, ತೊಡೆಯ ಮೇಲಿದ್ದ ಫೋನನ್ನು ನೋಡುತ್ತಿದ್ದ. ನೀನು ಅಷ್ಟರಲ್ಲಿ ಅರ್ಧ ರಸ್ತೆ ದಾಟಿದ್ದೆ. ತಲೆ ಎತ್ತಿದ್ದರೆ ಬ್ರೇಕ್ ಹಾಕಬಹುದಿತ್ತು. ಎತ್ತಲಿಲ್ಲ. ಅದು ಸುಳ್ಳಲ್ಲ, ಕಟ್ಟಿದ್ದಲ್ಲ, ಬಣ್ಣ ಹಚ್ಚಿದ್ದಲ್ಲ.

ಆಮೇಲೆ ಆ ಹುಡುಗ ಇಳಿದು ಬಂದು ರಸ್ತೆಯಲ್ಲಿ ಚೆಲ್ಲಿದ ಕರಿಬೇವನ್ನು ಒಂದೊಂದೇ ಆರಿಸಿ ನಿನ್ನ ಚೀಲಕ್ಕೆ ಹಾಕುತ್ತಿದ್ದ. ಏನು ಮಾಡುತ್ತಿದ್ದೇನೆ ಎಂದು ಅವನಿಗೇ ತಿಳಿದಿರಲಿಲ್ಲ. "ಶೀ ಕೇಮ್ ರನ್ನಿಂಗ್, ಶೀ ಕೇಮ್ ರನ್ನಿಂಗ್" ಎಂದು ಸುತ್ತ ನಿಂತವರಿಗೆಲ್ಲ ಹೇಳುತ್ತಿದ್ದ. ನೀನು ನೆಲದ ಮೇಲೆ ಮಲಗಿದ್ದವಳು ಅವನಿಗೆ "ಇಟ್ಸ್ ಓಕೆ, ನೋ ಪ್ರಾಬ್ಲಮ್" ಅಂದೆ. ಸೊಂಟ ಮುರಿದಿದ್ದರೂ ಎದುರಿನವರಿಗೆ ಪರವಾಗಿಲ್ಲ ಅನ್ನದಿದ್ದರೆ ನಮ್ಮವರಿಗೆ ಸಮಾಧಾನವಿಲ್ಲವಲ್ಲ. ಅದನ್ನೂ ಅವರ ವಕೀಲೆ ಬರೆದಿಟ್ಟುಕೊಂಡಿದ್ದಾಳಂತೆ.

ಆಂಬುಲೆನ್ಸಿನಲ್ಲಿ ನಾನು ನಿನ್ನ ಪಕ್ಕ ಕೂತಿದ್ದೆ. ನೀನು ಕಣ್ಣು ಬಿಟ್ಟು ಕೇಳಿದ ಮೊದಲ ಮಾತು, "ಕಾರ್ ಒಯ್ದ್ರೇನ್ರೀ?"

ಆಗಲಾದರೂ ನಾನು ಹೇಳಬಹುದಿತ್ತು. "ಇಲ್ಲ ಕಣೆ, ಬಿಟ್ಟುಹೋದ್ರು" ಅಂದೆ. ನೀನು ನನ್ನ ಮುಖವನ್ನು ಸ್ವಲ್ಪ ಹೊತ್ತು ನೋಡಿದೆ. ಆಮೇಲೆ ಮುಖ ಆಚೆ ತಿರುಗಿಸಿದೆ. ಟೋ ಟ್ರಕ್ ಬಂದಿರಲಿಲ್ಲ ಅಂತ ನಿನಗೆ ಆ ಕ್ಷಣವೇ ಗೊತ್ತಾಯಿತು. ಬೈಯುತ್ತೀಯ ಎಂದು ಕಾದೆ. ಆಪರೇಷನ್ ಆದ ಮೇಲೆ ಬೈಯುತ್ತೀಯ, ರಿಹ್ಯಾಬಿನಲ್ಲಿ ಬೈಯುತ್ತೀಯ ಎಂದು ಕಾಯುತ್ತಲೇ ಇದ್ದೆ. ಬೈಯಲಿಲ್ಲ. ಇಷ್ಟು ವರ್ಷ ಉಪ್ಪು ಹೆಚ್ಚಾಯಿತು, ಬಾಗಿಲು ಹಾಕಲಿಲ್ಲ ಎಂದು ಬೈದವಳು ಇದಕ್ಕೆ ಮಾತ್ರ ಬೈಯಲಿಲ್ಲ.

ಮುಂದಿನದು ವಿಶ್ರುತ್‌ನ ಆಫೀಸು. ಬೇರೆ ಯಾರ ಗಾಡಿ ಗುದ್ದಿದ್ದರೂ ಇನ್ಶೂರೆನ್ಸ್ ಕಂಪನಿಯ ಜೊತೆ ಜಗಳ. ಸರ್ಕಾರಿ ಗಾಡಿ ಕೆಲಸದ ಮೇಲಿದ್ದಾಗ ಗುದ್ದಿದರೆ ಡ್ರೈವರ್ ಮೇಲೆ ಕೇಸು ಹಾಕುವಂತಿಲ್ಲ, ದೇಶದ ಮೇಲೆಯೇ ಹಾಕಬೇಕು. ಅದೂ ನೆಟ್ಟಗೆ ಕೋರ್ಟಿಗೆ ಹೋಗುವಂತಿಲ್ಲ. ಗುದ್ದಿದ ಇಲಾಖೆಯನ್ನೇ ಮೊದಲು ಎರಡು ವರ್ಷದೊಳಗೆ ಪರಿಹಾರ ಕೇಳಿಕೊಳ್ಳಬೇಕು, ಉತ್ತರಕ್ಕೆ ಆರು ತಿಂಗಳು ಕಾಯಬೇಕು. ಕಚ್ಚಿದ ನಾಯಿಯ ಹತ್ತಿರವೇ ಹೋಗಿ ಔಷಧಿ ಕೇಳಿದ ಹಾಗಾಯಿತಲ್ಲಪ್ಪ ಅಂದೆ. "ಅದೇ ಲಾ, ಅಂಕಲ್" ಅಂದ. ಹಿಂದೆಲ್ಲ ಕಾಗದ ಬರೆಯುವಾಗ ಇತ್ತ ಕ್ಷೇಮ, ಅತ್ತ ಕ್ಷೇಮ ಎನ್ನುತ್ತಿದ್ದೆವು. ಕ್ಷೇಮ ಹೋಯಿತು, ಕ್ಲೇಮು ಬಂತು.

ಆ ದಿನ ಅವನು ನಿನ್ನನ್ನು ಕೇಳಿದ, "ಆಂಟಿ, ಸಿಗ್ನಲ್ ಏನಿತ್ತು? ಟೇಕ್ ಯುವರ್ ಟೈಮ್." ನಾನು ಬಾಗಿಲ ಹತ್ತಿರ ಕಾಫಿ ಲೋಟ ಹಿಡಿದು ನಿಂತಿದ್ದೆ. ನೀನು ನನ್ನ ಕಡೆ ನೋಡಲಿಲ್ಲ. "ನಡೆಯುವ ಮನುಷ್ಯಾಂದು ಬಿಳೀ ದೀಪ ಬಂದಿತ್ತಪ್ಪಾ. ನೋಡೇ ಇಳದೆ" ಅಂದೆ.

ಆಮೇಲೆ ಅವನು ನನ್ನನ್ನು ಬೇರೆ ಕೋಣೆಗೆ ಕರೆದು ಅದನ್ನೇ ಕೇಳಿದ. ನಾನೂ ಅದನ್ನೇ ಹೇಳಿದೆ. ಬಿಳಿ ದೀಪ ಬಂದಿತ್ತು, ಅವನೇ ಕೆಂಪು ದೀಪ ದಾಟಿ ಬಂದ ಅಂತ. ಭಾನು, ಮದುವೆಯಾದಾಗಿನಿಂದ ಸಾರಿಗೆ ಬೆಲ್ಲ ಹಾಕಬೇಕೋ ಬೇಡವೋ ಎಂಬುದರಲ್ಲೂ ನಾವು ಒಂದೇ ಮಾತು ಆಡಿದವರಲ್ಲ. ಒಬ್ಬರಿಗೊಬ್ಬರು ಹೇಳಿಕೊಡದೆ, ಕಣ್ಣಲ್ಲೂ ಸನ್ನೆ ಮಾಡದೆ, ಇದೊಂದು ಸುಳ್ಳನ್ನು ಇಬ್ಬರೂ ಒಂದೇ ಥರ ಹೇಳಿದೆವು. ನೀನು ನನಗೋಸ್ಕರ ಹೇಳಿದೆ. ನಾನೂ ನನಗೋಸ್ಕರವೇ ಹೇಳಿದೆ.

ಸಹಿ ಹಾಕುವ ಮುಂಚೆ ವಿಶ್ರುತ್ ಆ ಕ್ಲೇಮಿನ ಹಾಳೆಯ ಕೆಳಗಿದ್ದ ಎಚ್ಚರಿಕೆಯನ್ನು ಓದಿ ಹೇಳಿದ. ಇದರಲ್ಲಿ ಸುಳ್ಳಿದ್ದರೆ ಅದು ಸರ್ಕಾರಕ್ಕೆ ಮಾಡಿದ ಮೋಸ, ದಂಡ ಇದೆ, ಜೈಲೂ ಇದೆ ಎಂದು. ಫಾರ್ಮಾಲಿಟಿ ಆಂಟಿ, ನಿಮ್ಮಂಥವರಿಗಲ್ಲ ಎಂದು ನಕ್ಕ. ಪಟೇಲರ ಅಂಗಡಿಯಲ್ಲಿ ನಾನು ತೂಕಕ್ಕೆ ಮುಂಚೆ ಎರಡು ದ್ರಾಕ್ಷಿ ಬಾಯಿಗೆ ಹಾಕಿಕೊಂಡರೆ, ಕೌಂಟರಿನಲ್ಲಿ "ಇವರು ಎರಡು ತಿಂದಾರ, ಹಿಡೀರಿ" ಎಂದು ಹೇಳಿ ನನ್ನ ಮಾನ ಕಳೆಯುವವಳು ನೀನು. ನೀನು ಸಹಿ ಹಾಕಿದೆ.

ಇಲಾಖೆ ಬಾಯಿ ಬಿಡಲಿಲ್ಲ. ಆರು ತಿಂಗಳು ಕಳೆಯಿತು. ಕೇಸು ಕೋರ್ಟಿಗೆ ಹೋಯಿತು. ಭಾನುಮತಿ ಕೃಷ್ಣಸ್ವಾಮಿ ವರ್ಸಸ್ ಯುನೈಟೆಡ್ ಸ್ಟೇಟ್ಸ್ ಆಫ್ ಅಮೆರಿಕ. ಆ ಹಾಳೆ ನೋಡಿ ನಾನು ಕನ್ನಡ ಕೂಟದಲ್ಲೆಲ್ಲ ಹೇಳಿಕೊಂಡು ತಿರುಗಿದೆ, ಇನ್ನೇನು ಟಾಸ್ ಹಾಕುವುದೊಂದು ಬಾಕಿ, ನನ್ನ ಹೆಂಡತಿ ಅಮೆರಿಕವನ್ನು ಆಲೌಟ್ ಮಾಡುತ್ತಾಳೆ ಎಂದು. ಎಲ್ಲರೂ ನಕ್ಕರು. ತಾರಿಣಿ ಮಾತ್ರ "ಅಪ್ಪ, ಪ್ಲೀಸ್. ಅಮ್ಮಂಗೆ ರಾತ್ರಿ ನಿದ್ದೆ ಬರ್ತಿಲ್ಲ, ಡೂ ಯು ಈವನ್ ನೋ?" ಅಂದಳು. ನೋವಿಗೆ ನಿದ್ದೆ ಬರುತ್ತಿಲ್ಲ ಎಂದು ಅವಳು ತಿಳಿದಿದ್ದಾಳೆ. ಎರಡನೇ ಆಪರೇಷನ್ ಆಗಬೇಕು, ಮನೆಯಲ್ಲೊಬ್ಬರು ನೋಡಿಕೊಳ್ಳುವವರು ಬೇಕು, ಕೇಸು ಗೆದ್ದರೆ ಅದೆಲ್ಲ ಆಗುತ್ತದೆ ಎಂದು ಅವಳು ಕಾಯುತ್ತಿದ್ದಾಳೆ. ನೀನು ಮತ್ತೆ ಸ್ಟಿಯರಿಂಗ್ ಹಿಡಿಯುತ್ತೀಯೋ ಇಲ್ಲವೋ ಎಂಬುದು ಆ ಎರಡನೇ ಆಪರೇಷನ್ ಮೇಲೆ ನಿಂತಿದೆ ಎಂದು ಡಾಕ್ಟರು ಅಂದದ್ದು ನನಗೂ ಕೇಳಿಸಿದೆ. ನಾಲ್ಕು ಹೆಂಗಸರನ್ನು ಹೇರಿಕೊಂಡು ಶನಿವಾರ ಭಜನೆಗೆ ಹೈವೇಯಲ್ಲಿ ಹಾರುತ್ತಿದ್ದವಳು, ಈಗ ಯಾರಾದರೂ ಬಂದು ಕರೆದುಕೊಂಡು ಹೋಗಲಿ ಎಂದು ಕಿಟಕಿಯ ಹತ್ತಿರ ಕೂರುತ್ತೀಯ.

ಹೋದ ಮಂಗಳವಾರ ವಿಶ್ರುತ್ ನನ್ನನ್ನು ತಯಾರು ಮಾಡಲು ಕರೆದಿದ್ದ. "ಅಂಕಲ್, ನೋ ಜೋಕ್ಸ್. ಟ್ರಾನ್ಸ್‌ಕ್ರಿಪ್ಟಲ್ಲಿ ನಗು ಬರಲ್ಲ. ನೀವು ಜೋಕ್ ಮಾಡಿದ್ರೆ ಅದೇ ಆನ್ಸರ್ ಆಗತ್ತೆ" ಅಂದ. ಆಮೇಲೆ ಆ ಡ್ರೈವರ್ ಬರೆದುಕೊಟ್ಟ ಹೇಳಿಕೆಯನ್ನು ತೋರಿಸಿದ. ಹಸಿರು ದೀಪವಿತ್ತು, ಆಕೆ ಓಡುತ್ತ ರಸ್ತೆಗೆ ಬಂದಳು ಎಂದಿತ್ತು. ವಿಶ್ರುತ್ ಅದನ್ನು ಓದಿ ನಕ್ಕುಬಿಟ್ಟ. "ಆಂಟಿ ಓಡೋದಾ? ಆ ಮಂಡಿಲಿ? ಸೀರೆ ಉಟ್ಕೊಂಡು? ಕಮ್ ಆನ್! ಈ ಹುಡುಗ ಸುಳ್ಳು ಹೇಳೋಕೂ ಬರದವನು."

ನಾನೂ ನಗಬೇಕಿತ್ತು. ಯಾರಾದರೂ ನಗುವಾಗ ಜೊತೆಗೆ ನಗದೆ ಕೂತಿದ್ದು ನನಗೆ ನೆನಪಿಲ್ಲ. ಅವತ್ತು ನಗು ಬರಲಿಲ್ಲ. ಆ ಹುಡುಗ ಫೋನ್ ನೋಡಿದ್ದನ್ನು ಬರೆದಿರಲಿಲ್ಲ, ಅದನ್ನು ಮುಚ್ಚಿಟ್ಟಿದ್ದಾನೆ. ಆದರೆ ಬರೆದದ್ದು ಅಷ್ಟೂ ನಿಜ. ಅವನ ನಿಜವನ್ನು ನಾವಿಬ್ಬರು ಮರ್ಯಾದಸ್ಥ ಮುದುಕರು ಸೇರಿ ಸುಳ್ಳು ಮಾಡಿದ್ದೇವೆ. ನಮ್ಮ ನರೆಗೂದಲು ನೋಡಿ ಎಲ್ಲರೂ ನಂಬುತ್ತಿದ್ದಾರೆ.

ಬೇರೆ ಯಾರದೋ ಕಥೆ ಅನ್ನುವ ಹಾಗೆ ಅವನನ್ನು ಕೇಳಿದೆ. ಒಂದು ವೇಳೆ ಒಬ್ಬ ಸಾಕ್ಷಿ, ನಾನು ಮೊದಲು ಹೇಳಿದ್ದು ತಪ್ಪು ಅಂದರೆ ಏನಾಗುತ್ತದಪ್ಪ? ಅವನು ಪೆನ್ನು ತಿರುಗಿಸುತ್ತ ಹೇಳಿದ. ಇಂಥ ಕೇಸಿನಲ್ಲಿ ಜ್ಯೂರಿ ಇರುವುದಿಲ್ಲ, ಜಡ್ಜ್ ಒಬ್ಬರೇ. ತಪ್ಪು ಯಾರದು ಎಷ್ಟು ಎಂದು ಅವರೇ ಪಾಲು ಮಾಡುತ್ತಾರೆ. ಗುದ್ದಿದವನದು ಇಷ್ಟು, ದಾಟಿದವರದು ಇಷ್ಟು, ಮಧ್ಯೆ ಇನ್ನೊಬ್ಬರಿದ್ದರೆ ಅವರದೂ ಇಷ್ಟು. ದಾಟಿದವರ ತಪ್ಪೇ ಹೆಚ್ಚು ಅನ್ನಿಸಿದರೆ ಏನೂ ಸಿಗುವುದಿಲ್ಲ. ಇದು ತಪ್ಪಿನ ಪ್ರಮಾಣ. ಇನ್ನೊಂದು, ಕೈ ಎತ್ತಿ ಮಾಡುವ ಪ್ರಮಾಣ. ಆ ಪ್ರಮಾಣ ಮಾಡಿದ ಮೇಲೂ ಸುಳ್ಳು ಹೇಳಿ ಸಿಕ್ಕಿಬಿದ್ದರೆ ಪಾಲಿನ ಮಾತೇ ಇಲ್ಲ, ಕ್ಲೇಮು ಹಾಕಿದವರೇ ಕಟಕಟೆಗೆ. "ಅಂಥ ಕ್ಲೈಂಟ್ ನನಗೆ ಬೇಡಪ್ಪಾ" ಎಂದು ಮತ್ತೆ ನಕ್ಕ.

ನನ್ನ ಮಾತು ಇಲ್ಲಿ ಎಷ್ಟು ಕೆಟ್ಟ ಕಡೆ ಸಿಕ್ಕಿಕೊಂಡಿದೆ ನೋಡು. ಅವನು ಫೋನ್ ನೋಡುತ್ತಿದ್ದುದನ್ನು ಕಂಡವನು ಜಗತ್ತಿನಲ್ಲಿ ನಾನೊಬ್ಬನೇ. ನಿನ್ನ ಕೇಸಿಗಿರುವ ಒಂದೇ ನಿಜವಾದ ಬಲ ಅದು. ದೀಪದ ವಿಷಯದಲ್ಲಿ ಸುಳ್ಳು ಹೇಳಿದೆ ಎಂದು ನಾನು ಒಪ್ಪಿಕೊಂಡರೆ, ಫೋನಿನ ವಿಷಯದಲ್ಲಿ ಹೇಳುವ ನಿಜವನ್ನು ಯಾರು ನಂಬುತ್ತಾರೆ? ಆ ವಕೀಲೆ ಕೇಳುತ್ತಾಳೆ, ಮಿಸ್ಟರ್ ಕೃಷ್ಣಸ್ವಾಮಿ, ನೀವು ತಮಾಷೆಗೆ ಸುಳ್ಳು ಹೇಳುವ ಮನುಷ್ಯರಂತೆ, ಹೌದೇ? ಹೌದು ಅನ್ನಬೇಕು. ಟೌನ್‌ಶಿಪ್‌ನವರು ತೆಂಗಿನಕಾಯಿ ಒಡೆಯಲು ಪರ್ಮಿಟ್ ಬೇಕೆಂದಿದ್ದಾರೆ ಎಂದು ನಾನು ಹಬ್ಬಿಸಿ, ದೇವಸ್ಥಾನದ ಕಮಿಟಿಯವರು ಮೀಟಿಂಗ್ ಕರೆದದ್ದು ಇಡೀ ಐಸೆಲಿನ್ನಿಗೆ ಗೊತ್ತು. ಆ ಕಮಿಟಿಯಲ್ಲೇ ಯಾರನ್ನಾದರೂ ಕರೆದು ಕೇಳಿದರೆ ನನ್ನ ಸಾಕ್ಷಿಗೆ ಅಲ್ಲೇ ಮಂಗಳಾರತಿ.

ಸುಮ್ಮನಿದ್ದರೆ? ಗುರುವಾರ ನೀನು ಕೈ ಎತ್ತುತ್ತೀಯ. ಯಾಕೆ ಫುಟ್‌ಪಾತ್ ಬಿಟ್ಟು ಇಳಿದಿರಿ ಎಂದು ಅವಳು ಕೇಳುತ್ತಾಳೆ. ಬಿಳಿ ದೀಪ ಬಂದಿತ್ತು ಅನ್ನುತ್ತೀಯ. ಅವಳು ಮತ್ತೆ ಕೇಳುತ್ತಾಳೆ, ಬೇರೆ ಬೇರೆ ಥರ ಕೇಳುತ್ತಾಳೆ, ಅದೇ ಅವಳ ಕಸುಬು. ನೀನು ಪ್ರತಿ ಸಲವೂ ಅದನ್ನೇ ಹೇಳಬೇಕು. ನಿನಗೆ ಸುಳ್ಳಿನ ಅಭ್ಯಾಸವಿಲ್ಲ. ನಾನಾದರೆ ನಗಿಸಿ ಜಾರಿಕೊಳ್ಳುತ್ತೇನೆ. ನೀನು ಹಾಗೇ ನಿಂತು ಹೊಡೆತ ತಿನ್ನುತ್ತೀಯ. ನಿದ್ದೆ ಬರದಿರುವುದು ಸೊಂಟದ ನೋವಿಗಲ್ಲ ಅಂತ ನನಗೆ ಗೊತ್ತು.

ನಿನ್ನ ಮೇಲೆ ನನಗೆ ಸಿಟ್ಟೂ ಇದೆ, ಬರೆದುಬಿಡುತ್ತೇನೆ. ಯಾಕೆ ಮುಚ್ಚಿಟ್ಟೆ? ನನ್ನ ಗಂಡ ಕೂಗಿದ, ಅದಕ್ಕೇ ಓಡಿದೆ ಎಂದು ಅವತ್ತೇ ಅಂದಿದ್ದರೆ ನಾನು ತಲೆ ತಗ್ಗಿಸಿ ಒಪ್ಪಿಕೊಳ್ಳುತ್ತಿದ್ದೆ. ಮಗಳ ಮುಂದೆ ಅಪ್ಪ ಸಣ್ಣವನಾಗಬಾರದು ಎಂದು ಮುಚ್ಚಿಟ್ಟೆಯಾ? ಅಥವಾ, ಮಾತಾಡದೆ ಬಿಡುವುದೇ ಇವನಿಗೆ ಸರಿಯಾದ ಶಿಕ್ಷೆ ಅಂತಲಾ? ಎರಡನೆಯದಾದರೆ ನೀನು ಗೆದ್ದೆ. ಮನೆಯಲ್ಲಿ ನಾನು ಏನಾದರೂ ಹೇಳಿಕೊಂಡು ಒಬ್ಬನೇ ನಗುತ್ತೇನೆ, ಆಮೇಲೆ ಫ್ರಿಜ್ಜಿನ ಗುರ್‌ ಸದ್ದು ಕೇಳುತ್ತದೆ.

ಈಗ ನಿನ್ನನ್ನು ಕೇಳುತ್ತಿದ್ದೇನೆ. ವಿಶ್ರುತ್‌ಗೆ ಹೋಗಿ ಇದ್ದದ್ದು ಇದ್ದಂತೆ ಹೇಳಲೇ, ಬೇಡವೇ? ಗುರುವಾರಕ್ಕೆ ಮುಂಚೆ ಹೇಳಿದರೆ ಕಾಗದಪತ್ರ ಸರಿಪಡಿಸಲು ದಾರಿ ಇದೆಯಂತೆ. ಕೇಸು ಉಳಿಯಬಹುದು, ಬಿದ್ದೂ ಹೋಗಬಹುದು. ಬಿದ್ದರೆ ಎರಡನೇ ಆಪರೇಷನ್ ಆದ ಮೇಲೆ ನೋಡಿಕೊಳ್ಳಲು ಯಾರನ್ನೂ ಇಡಲಾಗುವುದಿಲ್ಲ, ನಾನೇ ನೋಡಿಕೊಳ್ಳಬೇಕು. ಅದು ನಿನಗೆ ಇನ್ನೊಂದು ಶಿಕ್ಷೆ. ತಾರಿಣಿ ನನ್ನ ಮುಖ ನೋಡುತ್ತಾಳೋ ಇಲ್ಲವೋ ಗೊತ್ತಿಲ್ಲ. ನಿರ್ಧಾರ ನಿನ್ನದು, ಸೊಂಟ ನಿನ್ನದು. ಶ್ಯಾಮ್ ಕಾಫಿ ಕುಡಿದು ಹೊರಡುವವರೆಗೆ ಯೋಚನೆ ಮಾಡು. ಹೂಂ ಅಥವಾ ಊಹೂಂ, ಅವನ ಕೈಯಲ್ಲಿ ಹೇಳಿಕಳಿಸಿದರೆ ಸಾಕು. ನೀನು ಹೇಳಿದ ಹಾಗೆ ನಡೆಯುತ್ತೇನೆ.

ಮದ್ದು ತಪ್ಪಿಸಬೇಡ. ತಾರಿಣಿ ಮಾಡುವ ಓಟ್ಸ್ ಉಪ್ಪಿಟ್ಟನ್ನು ಬೈಯಬೇಡ, ಅವಳಿಗೂ ದಣಿವಾಗಿದೆ.

ಇಂತಿ, ಎಂತೋ ಇರುವ,
ನಿನ್ನ
ಕೃಷ್ಣಸ್ವಾಮಿ

ತಾ.ಕ.: ನಿರ್ಧಾರ ನಿನ್ನದು ಎಂದು ಮೇಲೆ ಬರೆದದ್ದೂ ಸುಳ್ಳು. ಮೊನ್ನೆ ಶುಕ್ರವಾರ ಬೆಳಿಗ್ಗೆ ಮೆಟ್ರೊಪಾರ್ಕಿನಿಂದ ಟ್ರೈನ್ ಹತ್ತಿದೆ. ವಿಶ್ರುತ್‌ನ ಆಫೀಸಿರುವ ನ್ಯೂವಾರ್ಕ್ ಬಂದಾಗ ಇಳಿಯಲಿಲ್ಲ. ಮುಂದಿನ ಸ್ಟೇಷನ್ ಸೀಕಾಕಸ್ ತನಕ ಹೋಗಿ, ಅಲ್ಲಿ ಓಡಾಡುವ ಜನರನ್ನು ನೋಡುತ್ತ ಬೆಂಚಿನ ಮೇಲೆ ಕೂತು, ಮತ್ತೆ ಹಿಂದಕ್ಕೆ ಬರುವ ಟ್ರೈನ್ ಹತ್ತಿ ನ್ಯೂವಾರ್ಕಿನಲ್ಲಿ ಇಳಿದೆ. ವಿಶ್ರುತ್‌ಗೆ ಎಲ್ಲ ಹೇಳಿದೆ. "ಅಂಕಲ್, ಈಸ್ ದಿಸ್ ಒನ್ ಆಫ್ ಯುವರ್ ಜೋಕ್ಸ್?" ಅಂದ. ಅಲ್ಲಪ್ಪ ಅಂದೆ. ಮತ್ತೆ ಕೇಳಿದ. ಮತ್ತೆ ಅಲ್ಲ ಅಂದೆ. ಅವನು ಬಾಗಿಲು ಹಾಕಿ ಬಂದು ಕೂತ. ಆಮೇಲೆ ನಗಲಿಲ್ಲ. ಕೂಗಿದ್ದು ನಾನು, ದೀಪ ಕೆಂಪಗಿತ್ತು, ಡ್ರೈವರ್ ಫೋನ್ ನೋಡುತ್ತಿದ್ದ, ಎಲ್ಲವನ್ನೂ ಬರೆಸಿಕೊಂಡು ಓದಿ ಹೇಳಿದ, ನಾನು ಸಹಿ ಹಾಕಿದೆ. ಕೇಸಿನ ಗತಿ ಏನೆಂದು ಅವನಿಗೂ ಗೊತ್ತಿಲ್ಲ. ಮಂಗಳವಾರ ನಿನ್ನ ಹತ್ತಿರ ಬರುತ್ತಾನೆ, ಬಂದು ನಿಜ ಏನೆಂದು ನಿನ್ನನ್ನೇ ಕೇಳುತ್ತಾನೆ. ನಿನ್ನನ್ನು ಮೊದಲೇ ಕೇಳಿದ್ದರೆ ನೀನು ಬೇಡ ಅನ್ನುತ್ತಿದ್ದೆ, ನಾನು ಸಂತೋಷದಿಂದ ಒಪ್ಪಿಕೊಂಡುಬಿಡುತ್ತಿದ್ದೆ. ಅದಕ್ಕೇ ಕೇಳದೆ ಹೋದೆ.